ಅಹವಾಲು ಕೇಳಿದಿರಾ?

(ಸಮ್ಮೇಳನದಲ್ಲಿ ಮಾಡಿದ ಮುಖ್ಯ ಭಾಷಣದ ಲಿಖಿತ ರೂಪ)



ಚಾರ್ಟರ್ಡ್ ಅಕೌಂಟೆಂಟ್ ಒಬ್ಬನನ್ನು ಮುಖ್ಯ ಭಾಷಣಕ್ಕೆ ಕರೆದಿದ್ದೀರಿ. ಊಟಕ್ಕೆ ಮುಂಚೆ ಜನ ಎದ್ದು ಹೋಗಬಾರದು ಎನ್ನುವುದಾದರೆ ಇದು ಸ್ವಲ್ಪ ಅಪಾಯದ ಆಯ್ಕೆ. ಟ್ಯಾಕ್ಸ್ ರಿಟರ್ನ್ ಬಗ್ಗೆ ಮಾತಾಡುವುದಿಲ್ಲ ಎಂದು ಮೊದಲೇ ಮಾತು ಕೊಡುತ್ತೇನೆ. ಇಲ್ಲಿರುವ ಸಂಘಗಳಲ್ಲಿ ಹೆಚ್ಚಿನವು ಯಾವುದೋ ಒಂದು ಹಂತದಲ್ಲಿ ಒಂದು ಗುಡಿಗೆ, ಮಂದಿರಕ್ಕೆ, ಭಜನೆಯ ಹಾಲ್‌ಗೆ ಕೌನ್ಸಿಲ್ ಮುಂದೆ ಅರ್ಜಿ ಹಿಡಿದು ನಿಂತಿವೆ, ಇಲ್ಲವೇ ಮುಂದೆ ನಿಲ್ಲಲಿವೆ. ಆ ಅರ್ಜಿಯ ಮೇಲೆ ತೀರ್ಮಾನ ಮಾಡುವವರು ನಮ್ಮ ಮಾತನ್ನು ಕೇಳಬೇಕೇ? ನಮ್ಮ ವಿರುದ್ಧ ಇರುವವರ ಮಾತನ್ನು? ಕೇಳಿದೆವು ಎಂದರೆ ಏನರ್ಥ? ನಾವು ದುಡಿಯುತ್ತಿರುವ ಪರ್ತ್, ಬ್ರಿಸ್ಬೇನ್, ಅಡಿಲೇಡ್ ಎಂಬ ಈ ಮೂರು ಊರುಗಳ ಇತಿಹಾಸದಲ್ಲಿ ಈ ಪ್ರಶ್ನೆಗೆ ಉತ್ತರಗಳಿವೆ. ಎಲ್ಲವೂ ಹಿತವಾದವಲ್ಲ.

ಮೊದಲಿಗೆ ನನ್ನದೊಂದು ತಪ್ಪು. 2011ರಲ್ಲಿ ನಾವು ಅಡಿಲೇಡ್‌ನಲ್ಲಿದ್ದೆವು. ಬಾಡಿಗೆ ಮನೆ, ಮಗಳಿಗೆ ಎರಡು ವರ್ಷ. ಒಂದು ಶನಿವಾರ ಬೆಳಿಗ್ಗೆ ಪಕ್ಕದ ಬೀದಿಯ ಹಿರಿಯರೊಬ್ಬರು ಕ್ಲಿಪ್‌ಬೋರ್ಡ್ ಹಿಡಿದು ಬಂದರು. ಬೀದಿಯ ಕೊನೆಯ ಹಳೆಯ ಗೋದಾಮಿನಲ್ಲಿ "ಏನೋ" ಬರುತ್ತಿದೆ, ಕಾರು ನಿಲ್ಲಿಸಲು ಜಾಗ ಇರುವುದಿಲ್ಲ, ಎಲ್ಲರೂ ಸಹಿ ಹಾಕುತ್ತಿದ್ದಾರೆ ಎಂದರು. ಒಳ್ಳೆಯ ಮನುಷ್ಯ, ನಾವು ಹೊಸಬರು, ಒಲೆಯ ಮೇಲೆ ಅನ್ನ ಇತ್ತು. ಸಹಿ ಹಾಕಿದೆ. ಮೇಲೆ ಏನು ಬರೆದಿತ್ತು ಎಂದು ಓದಲಿಲ್ಲ. ಕೆಲವು ವಾರಗಳ ನಂತರ ತಿಳಿಯಿತು: ಬರಬೇಕಾಗಿದ್ದದ್ದು ಆಫ್ರಿಕಾದಿಂದ ಬಂದ ಕುಟುಂಬಗಳ ಒಂದು ಸಣ್ಣ ಚರ್ಚು. ಅದು ಬರಲಿಲ್ಲ. ಅರ್ಜಿ ತಿರಸ್ಕಾರವಾಯಿತೋ ಅವರೇ ಹಿಂತೆಗೆದುಕೊಂಡರೋ ನಾನು ವಿಚಾರಿಸಲೂ ಹೋಗಲಿಲ್ಲ. ಬೆಂಗಳೂರಿನಲ್ಲಿ ಆರ್ಟಿಕಲ್‌ಶಿಪ್ ಮಾಡುವಾಗ ನಮ್ಮ ಪ್ರಿನ್ಸಿಪಾಲ್ ಮೊದಲ ದಿನವೇ ಕಲಿಸಿದ್ದು ಓದದೆ ಸಹಿ ಹಾಕಬಾರದು ಎಂದು. ಕಚೇರಿಯಲ್ಲಿ ಪಾಲಿಸಿದ ಪಾಠವನ್ನು ಮನೆಯ ಬಾಗಿಲಲ್ಲಿ ಮರೆತಿದ್ದೆ.

ಈ ಘಟನೆಗೆ ಮತ್ತೆ ಬರುತ್ತೇನೆ. ಈಗ ಸ್ವಲ್ಪ ಹಿಂದೆ ಹೋಗೋಣ.

ನನ್ನ ತಾಯಿಯ ತವರು ಮಾಗಡಿ ತಾಲ್ಲೂಕು. ಅಲ್ಲಿಯ ಕಲ್ಯ ಎಂಬ ಊರಿನಲ್ಲಿ ಒಂದು ಶಾಸನವಿದೆ. ಅದರ ಜೊತೆಯ ಶಾಸನ ಶ್ರವಣಬೆಳಗೊಳದ ಭಂಡಾರಿ ಬಸದಿಯಲ್ಲಿದೆ. ಶಕ 1290, ಅಂದರೆ ಕ್ರಿ.ಶ. 1368. ವಿಜಯನಗರದ ಬುಕ್ಕರಾಯನ ಕಾಲ. ಆನೆಗೊಂದಿ, ಹೊಸಪಟ್ಟಣ, ಪೆನುಗೊಂಡೆ ಮೊದಲಾದ ನಾಡುಗಳ ಜೈನರು ತಮಗೆ ವೈಷ್ಣವರಿಂದ ಅನ್ಯಾಯವಾಗುತ್ತಿದೆ ಎಂದು ರಾಜನಲ್ಲಿ ಬಿನ್ನಹ ಮಾಡಿಕೊಳ್ಳುತ್ತಾರೆ. ರಾಜ ಶ್ರೀರಂಗ, ತಿರುಮಲೆ, ಕಂಚಿ, ಮೇಲುಕೋಟೆಗಳ ಆಚಾರ್ಯರನ್ನೂ ಹದಿನೆಂಟು ನಾಡಿನ ಶ್ರೀವೈಷ್ಣವರನ್ನೂ ಸೇರಿಸಿ, ಅವರ ಎದುರಿನಲ್ಲಿಯೇ ಜೈನರ ಕೈಯನ್ನು ವೈಷ್ಣವರ ಕೈಯಲ್ಲಿಟ್ಟು, ಎರಡು ದರ್ಶನಗಳಿಗೂ ಭೇದವಿಲ್ಲವೆಂದು ತೀರ್ಪು ಕೊಡುತ್ತಾನೆ. ಪಂಚಮಹಾವಾದ್ಯ ಮತ್ತು ಕಳಶದ ಹಕ್ಕು ಜೈನರಿಗೆ ಮೊದಲಿನಂತೆಯೇ ಉಂಟು ಎನ್ನುತ್ತಾನೆ.

ಶಾಲೆಯ ಪಾಠದಲ್ಲಿ ಇಷ್ಟನ್ನು ಓದಿರುತ್ತೇವೆ. ನನ್ನ ವೃತ್ತಿಯವರಿಗೆ ಹೆಚ್ಚು ಇಷ್ಟವಾಗುವುದು ಅದರ ಮುಂದಿನ ಭಾಗ, ದುಡ್ಡಿನ ಭಾಗ. ಪ್ರತಿ ಜೈನ ಮನೆಯಿಂದ ವರ್ಷಕ್ಕೆ ಒಂದು ಹಣ ಎತ್ತಬೇಕು. ಎತ್ತುವವನು ಯಾರು? ಜೈನನಲ್ಲ, ತಿರುಮಲೆಯ ತಾತಯ್ಯ. ಆ ಹಣದಲ್ಲಿ ಬೆಳಗೊಳದ ದೇವರ ರಕ್ಷಣೆಗೆ ಇಪ್ಪತ್ತು ಜನ ಕಾವಲಿನವರನ್ನು ಇಡಬೇಕು, ಉಳಿದದ್ದರಲ್ಲಿ ಜೀರ್ಣವಾದ ಜಿನಾಲಯಗಳಿಗೆ ಸುಣ್ಣ ಹೊಡೆಸಿ ದುರಸ್ತಿ ಮಾಡಿಸಬೇಕು. ಅಂದರೆ ತೀರ್ಪಿಗೆ ಬಜೆಟ್ ಇದೆ, ಹೊಣೆಗಾರನಿದ್ದಾನೆ, ಖರ್ಚಿನ ಬಾಬತ್ತು ನಿಗದಿಯಾಗಿದೆ. ಎದುರು ಪಕ್ಷದವನ ಕೈಯಲ್ಲೇ ರಕ್ಷಣೆಯ ಹೊಣೆ ಕೊಟ್ಟದ್ದು ಬುಕ್ಕನ ಜಾಣ್ಮೆ.

ಆದರೆ ಆಡಿಟರ್ ಕಣ್ಣಿಗೆ ಒಂದು ಕೊರತೆಯೂ ಕಾಣುತ್ತದೆ. ಜೈನರು ದೂರು ಕೊಟ್ಟರು, ರಾಜ ತೀರ್ಪು ಕೊಟ್ಟ. ನಡುವೆ ವೈಷ್ಣವರು ಏನು ಉತ್ತರ ಹೇಳಿದರು ಎಂಬುದು ಕಲ್ಲಿನ ಮೇಲೆ ಇಲ್ಲ. ಅವರನ್ನು ಕರೆಸಿದ್ದ, ಕೂರಿಸಿದ್ದ, ಅದು ಸ್ಪಷ್ಟ. ಮಾತಾಡಲು ಬಿಟ್ಟನೇ? ಕರೆಸುವುದು ಬೇರೆ, ಕೇಳುವುದು ಬೇರೆ.

ಇಂಗ್ಲಿಷ್ ಕಾನೂನಿನಲ್ಲಿ ಈ ವ್ಯತ್ಯಾಸಕ್ಕೆ ಪ್ರಸಿದ್ಧವಾದದ್ದು 1863ರ ಲಂಡನ್ನಿನ ಒಂದು ಮೊಕದ್ದಮೆ. ಕೂಪರ್ ಎಂಬಾತ ವಾಂಡ್ಸ್‌ವರ್ತ್ ಪ್ರದೇಶದಲ್ಲಿ ಮನೆ ಕಟ್ಟುತ್ತಿದ್ದ. ಕಟ್ಟುವ ಏಳು ದಿನ ಮುಂಚೆ ಸ್ಥಳೀಯ ಮಂಡಳಿಗೆ ನೋಟಿಸ್ ಕೊಡಬೇಕಿತ್ತು, ಕೊಟ್ಟಿಲ್ಲವೆಂದರೆ ಕೆಡವುವ ಅಧಿಕಾರ ಕಾನೂನಿನಲ್ಲೇ ಮಂಡಳಿಗಿತ್ತು. ಮಂಡಳಿ ಆಳುಗಳನ್ನು ಕಳಿಸಿ ಎರಡನೆಯ ಅಂತಸ್ತಿಗೆ ಏರಿದ್ದ ಮನೆಯನ್ನು ಕೆಡವಿಸಿತು. ಕೋರ್ಟು ಕೂಪರ್ ಪರ ನಿಂತಿತು. ಅಧಿಕಾರ ಇದ್ದರೇನಾಯಿತು, ಕೆಡವುವ ಮೊದಲು ಅವನನ್ನು ಒಂದು ಮಾತು ಕೇಳಬೇಕಿತ್ತು, ಕಾನೂನಿನಲ್ಲಿ ಹಾಗೆಂದು ಬರೆದಿಲ್ಲದಿದ್ದರೂ ಕೇಳಬೇಕಿತ್ತು ಎಂದಿತು. ಆ ತೀರ್ಪಿನಲ್ಲಿ ನ್ಯಾಯಾಧೀಶರು ಇನ್ನೂ ಹಳೆಯ ಒಂದು ಮಾತನ್ನು ನೆನೆದರು: ದೇವರು ಕೂಡ ಆದಾಮನನ್ನು ತೋಟದಿಂದ ಹೊರಗೆ ಹಾಕುವ ಮೊದಲು ಕರೆದು ಕೇಳಿದ್ದ. ಇದನ್ನೇ ನಮ್ಮ ಕೋರ್ಟುಗಳು ಸಹಜ ನ್ಯಾಯ ಎನ್ನುವುದು.

ಈ ತತ್ವ ನಮ್ಮ ಕಡೆ ಎಲ್ಲರಿಗೂ ಗೊತ್ತು, ಪಾಲನೆ ಮಾತ್ರ ಕಷ್ಟ. ಸೆಪ್ಟೆಂಬರ್ 2021ರಲ್ಲಿ ನಂಜನಗೂಡು ತಾಲ್ಲೂಕಿನ ಹುಚ್ಚಗಣಿಯಲ್ಲಿ ಮಹದೇವಮ್ಮನ ಗುಡಿಯನ್ನು ಕೆಡವಿದ ವಿಡಿಯೋ ನಿಮ್ಮಲ್ಲಿ ಬಹಳ ಜನರ ವಾಟ್ಸಾಪಿಗೆ ಬಂದಿತ್ತು. ಸಾರ್ವಜನಿಕ ಜಾಗದಲ್ಲಿರುವ ಅನಧಿಕೃತ ಧಾರ್ಮಿಕ ಕಟ್ಟಡಗಳ ಬಗ್ಗೆ ಸುಪ್ರೀಂ ಕೋರ್ಟ್ 2009ರಲ್ಲಿ ಕೊಟ್ಟ ಆದೇಶ ಅದರ ಹಿಂದಿತ್ತು. ಆ ಆದೇಶ ಹಳೆಯ ಕಟ್ಟಡಗಳನ್ನು ಒಂದೊಂದಾಗಿ ಪರಿಶೀಲಿಸಬೇಕೆಂದು ಹೇಳಿತ್ತು. ಕೆಡವಿದ ಮೇಲೆ ಗದ್ದಲವಾಗಿ, ಅದೇ ತಿಂಗಳು ವಿಧಾನಮಂಡಲದಲ್ಲಿ ಧಾರ್ಮಿಕ ಕಟ್ಟಡಗಳ ಸಂರಕ್ಷಣಾ ಮಸೂದೆ ಬಂತು. ಜೆಸಿಬಿ ಮೊದಲು, ಕಾನೂನು ಆಮೇಲೆ. ಇದರ ಬಗ್ಗೆ ಊಟದ ಹೊತ್ತಿಗೆ ಜಗಳವಾಡೋಣ, ಈಗ ಆಸ್ಟ್ರೇಲಿಯಾಕ್ಕೆ ಬರುತ್ತೇನೆ.

ಅಡಿಲೇಡ್‌ನ ಲಿಟಲ್ ಗಿಲ್ಬರ್ಟ್ ಸ್ಟ್ರೀಟ್‌ನಲ್ಲಿರುವ ಮಸೀದಿಯನ್ನು ನೋಡಿದ್ದೀರಾ? ಒಂಟೆ ಹೊಡೆದುಕೊಂಡು ಈ ಖಂಡದ ಒಳನಾಡಿಗೆ ಸಾಮಾನು ಸಾಗಿಸುತ್ತಿದ್ದವರು, ಇಲ್ಲಿಯವರು ಒಟ್ಟಾಗಿ "ಅಫ್ಘಾನರು" ಎಂದು ಕರೆದವರು, 1888–89ರಲ್ಲಿ ಕಟ್ಟಿದ್ದು. ನಾಲ್ಕು ಮಿನಾರುಗಳು 1903ರಲ್ಲಿ ಬಂದವು. ಅವರಲ್ಲಿ ಅನೇಕರು ಇಂದಿನ ಪಾಕಿಸ್ತಾನ, ಭಾರತದ ಕಡೆಯವರು. ಪರ್ತ್‌ನ ವಿಲಿಯಂ ಸ್ಟ್ರೀಟ್ ಮಸೀದಿಯ ಅಡಿಗಲ್ಲು 1905ರದು. ಬ್ರಿಸ್ಬೇನ್‌ನ ಹಾಲೆಂಡ್ ಪಾರ್ಕ್ ಮಸೀದಿಯ ಮೂಲ 1908ಕ್ಕೆ ಹೋಗುತ್ತದೆ. ನಮ್ಮ ಮೂರೂ ಊರುಗಳಲ್ಲಿ ನಮಗಿಂತ ನೂರು ವರ್ಷ ಮೊದಲು, ಕೂಲಿಗೆ ಬಂದ ನಮ್ಮಂಥವರೇ, ಚಂದಾ ಎತ್ತಿ ದೇವರಿಗೊಂದು ಸೂರು ಕಟ್ಟಿದ್ದರು. 1901ರ ವಲಸೆ ನಿರ್ಬಂಧ ಕಾಯ್ದೆ ಬಂದ ಮೇಲೂ ಪರ್ತ್ ಮತ್ತು ಬ್ರಿಸ್ಬೇನ್‌ನ ಎರಡು ಕಟ್ಟಡಗಳು ಎದ್ದವು ಎಂಬುದನ್ನು ಗಮನಿಸಿ.

ಈಗ 1941ರ ಜನವರಿಗೆ ಬನ್ನಿ. ಯುದ್ಧದ ಕಾಲ. ಯೆಹೋವನ ಸಾಕ್ಷಿಗಳು ಎಂಬ ಪಂಥದವರು ಸೈನ್ಯಕ್ಕೆ ಸೇರುವುದಿಲ್ಲ, ಸರ್ಕಾರಗಳಿಗೆ ನಿಷ್ಠೆಯ ಪ್ರಮಾಣ ಮಾಡುವುದಿಲ್ಲ. ಜನಕ್ಕೆ ಅವರನ್ನು ಕಂಡರೆ ಸಿಟ್ಟು. ಕಾಮನ್‌ವೆಲ್ತ್ ಸರ್ಕಾರ ರಾಷ್ಟ್ರೀಯ ಭದ್ರತಾ ನಿಯಮಗಳ ಪ್ರಕಾರ ಅವರ ಸಂಸ್ಥೆ ದೇಶದ ರಕ್ಷಣೆಗೆ ಮಾರಕವೆಂದು ಘೋಷಿಸಿತು. ಆ ನಿಯಮಗಳಲ್ಲಿ ಘೋಷಣೆಗೆ ಮುಂಚೆ ನೋಟಿಸ್ ಇಲ್ಲ, ವಿಚಾರಣೆ ಇಲ್ಲ. ಗೆಜೆಟ್‌ನಲ್ಲಿ ಬಂದರೆ ಸಂಸ್ಥೆ ವಿಸರ್ಜನೆ, ಆಸ್ತಿ ವಶ. ಅಡಿಲೇಡ್‌ನಲ್ಲಿದ್ದ ಅವರ ಪ್ರಾರ್ಥನಾ ಮಂದಿರ, ಕಿಂಗ್‌ಡಮ್ ಹಾಲ್, ಸರ್ಕಾರದ ಅಧಿಕಾರಿಗಳ ಕೈಗೆ ಹೋಯಿತು.

ಅಡಿಲೇಡ್‌ನ ಆ ಸಣ್ಣ ಸಭೆ ಹೈಕೋರ್ಟ್‌ಗೆ ಹೋಯಿತು. ಈ ದೇಶದಲ್ಲಿ ಹೈಕೋರ್ಟ್ ಎಂದರೆ ನಮ್ಮ ಸುಪ್ರೀಂ ಕೋರ್ಟ್ ಇದ್ದ ಹಾಗೆ. 1943ರ ಜೂನ್‌ನಲ್ಲಿ, ಯುದ್ಧ ಇನ್ನೂ ನಡೆಯುತ್ತಿರುವಾಗಲೇ, ತೀರ್ಪು ಬಂತು. ಸಭೆ ಗೆದ್ದಿತು. ಯಾವ ಕಾರಣಕ್ಕೆ ಎಂಬುದನ್ನು ಎಚ್ಚರಿಕೆಯಿಂದ ಕೇಳಿ. ಸಂವಿಧಾನದ 116ನೇ ವಿಧಿ ಧಾರ್ಮಿಕ ಸ್ವಾತಂತ್ರ್ಯದ್ದು. ಆ ವಿಧಿಯ ಉಲ್ಲಂಘನೆ ಆಗಿಲ್ಲ ಎಂದೇ ನ್ಯಾಯಾಧೀಶರು ಹೇಳಿದರು, ದೇಶದ ರಕ್ಷಣೆಗೆ ಬೇಕಾದರೆ ಧರ್ಮದ ಹೆಸರಿನ ನಡವಳಿಕೆಯನ್ನೂ ತಡೆಯಬಹುದು ಎಂದರು. ಆದರೆ ಆ ನಿಯಮಗಳು ರಕ್ಷಣೆಯ ಅಧಿಕಾರದ ಹದ್ದು ಮೀರಿವೆ ಎಂದು ಬಹುಮತದಿಂದ ಬಿದ್ದುಹೋದವು. ಮುಖ್ಯ ನ್ಯಾಯಮೂರ್ತಿ ಲೇಥಮ್ ಅವರ ಬರಹದಲ್ಲಿ ನನಗೆ ಮೆಚ್ಚುಗೆಯಾದ ವಿಚಾರವೊಂದಿದೆ: ಬಹುಸಂಖ್ಯಾತರ ಧರ್ಮ ತನ್ನನ್ನು ತಾನು ನೋಡಿಕೊಳ್ಳುತ್ತದೆ, ರಕ್ಷಣೆ ಬೇಕಾದದ್ದು ಅಲ್ಪಸಂಖ್ಯಾತರಿಗೆ, ಅದರಲ್ಲೂ ಜನರಿಗೆ ಇಷ್ಟವಾಗದ ಅಲ್ಪಸಂಖ್ಯಾತರಿಗೆ. ಹಾಗೆ ಬರೆದವರೇ 116 ಇಲ್ಲಿ ನೆರವಿಗೆ ಬರುವುದಿಲ್ಲ ಎಂದೂ ಬರೆದರು.

ನಮ್ಮ ಸಂಘಗಳ ಸಭೆಗಳಲ್ಲಿ ಯಾರಾದರೂ ಎದ್ದು "ಸಂವಿಧಾನದಲ್ಲೇ ಧಾರ್ಮಿಕ ಸ್ವಾತಂತ್ರ್ಯ ಇದೆ, ಕೌನ್ಸಿಲ್ ಹೇಗೆ ಬೇಡ ಎನ್ನುತ್ತದೆ?" ಎಂದು ಗುಡುಗುವುದುಂಟು. ನಾನೂ ಒಮ್ಮೆ ಗುಡುಗಿದ್ದೇನೆ. 116 ಕಟ್ಟಿಹಾಕುವುದು ಕಾಮನ್‌ವೆಲ್ತ್ ಸರ್ಕಾರವನ್ನು ಮಾತ್ರ. ರಾಜ್ಯಗಳಿಗೂ ಅದನ್ನು ಹಬ್ಬಿಸಬೇಕೆಂದು 1944ರಲ್ಲಿ ಒಮ್ಮೆ, 1988ರಲ್ಲಿ ಇನ್ನೊಮ್ಮೆ ಜನಮತಗಣನೆ ನಡೆಯಿತು. ಎರಡೂ ಸಲ ಸೋತಿತು. ಕೌನ್ಸಿಲ್‌ಗಳು ರಾಜ್ಯದ ಕಾನೂನಿನ ಮಕ್ಕಳು. ಹಾಗಾಗಿ ನಿಮ್ಮ ಗುಡಿಯ ಅರ್ಜಿಯನ್ನು ಕಾಯುವುದು ಆ ದೊಡ್ಡ ವಿಧಿಯಲ್ಲ, ಕೂಪರ್‌ನ ಮನೆಯಿಂದ ಬಂದ ಆ ಸಣ್ಣ ಪ್ರಶ್ನೆ: ಕೇಳಿದಿರಾ?

ಅದು ಸಣ್ಣದೇನೂ ಅಲ್ಲ. 1985ರಲ್ಲಿ ಟೋಂಗಾ ದೇಶದ ಕಿಯೋವಾ ದಂಪತಿಯ ಗಡೀಪಾರಿನ ಮೊಕದ್ದಮೆಯಲ್ಲಿ ಹೈಕೋರ್ಟ್ ಒಂದು ಅಳತೆಗೋಲು ಕೊಟ್ಟಿತು. ಕಡತದಲ್ಲಿ ನಿಮ್ಮ ವಿರುದ್ಧ ನಂಬಬಹುದಾದ, ವಿಷಯಕ್ಕೆ ಸಂಬಂಧಪಟ್ಟ, ತೂಕವಿರುವ ಮಾಹಿತಿ ಇದ್ದರೆ ತೀರ್ಮಾನಕ್ಕೆ ಮುಂಚೆ ಅದನ್ನು ನಿಮಗೆ ತಿಳಿಸಿ ಉತ್ತರ ಪಡೆಯಬೇಕು. ಐದು ವರ್ಷದ ನಂತರ ಪಶ್ಚಿಮ ಆಸ್ಟ್ರೇಲಿಯಾದಿಂದ ಆನೆಟ್ಸ್ ಮೊಕದ್ದಮೆ ಹೋಯಿತು. ಮರುಭೂಮಿಯಲ್ಲಿ ಸತ್ತ ಹುಡುಗನ ತಂದೆ ತಾಯಿ ಅವರು. ಮಗನ ಬಗ್ಗೆ, ತಮ್ಮ ಬಗ್ಗೆ ಕೆಟ್ಟ ಮಾತು ಬರೆಯುವ ಮುಂಚೆ ಕೊರೋನರ್ ತಮ್ಮ ವಾದ ಕೇಳಬೇಕೆಂದರು, ಕೋರ್ಟ್ ಹೌದೆಂದಿತು. 1992ರಲ್ಲಿ ಕ್ವೀನ್ಸ್‌ಲ್ಯಾಂಡ್‌ನ ಐನ್ಸ್‌ವರ್ತ್ ಮೊಕದ್ದಮೆ. ಪೋಕರ್ ಮಷೀನ್ ವ್ಯಾಪಾರಿಯ ವಿರುದ್ಧ ಬ್ರಿಸ್ಬೇನ್‌ನ ಕ್ರಿಮಿನಲ್ ಜಸ್ಟಿಸ್ ಕಮಿಷನ್ ಅವನನ್ನು ಕೇಳದೆಯೇ ವರದಿ ಬರೆದಿತ್ತು. ವರದಿಗೆ ಕಾನೂನಿನ ಬಲವಿಲ್ಲ, ಬರೀ ಶಿಫಾರಸು. ಆದರೂ ಮರ್ಯಾದೆಗೆ ಕುಂದು ಬರುವುದಾದರೆ ಕೇಳಲೇಬೇಕಿತ್ತು ಎಂದಿತು ಹೈಕೋರ್ಟ್. ಜೂಜಿನ ಯಂತ್ರ ಮಾರುವವನಿಗೆ ಸಿಕ್ಕ ನ್ಯಾಯ ಗುಡಿ ಕಟ್ಟುವವರಿಗೂ ಉಪಯೋಗಕ್ಕೆ ಬರುತ್ತದೆ. ಕಾನೂನಿನ ವಿಚಿತ್ರ ಇದು.

ಇಷ್ಟು ಹೇಳಿ ನಿಲ್ಲಿಸಿದರೆ ಕಥೆ ಚೆನ್ನಾಗಿಯೇ ಇರುತ್ತದೆ. ಆದರೆ ಕಟ್ಟಡ ಇಲ್ಲದ ಪವಿತ್ರ ಸ್ಥಳಗಳಿವೆ. ಅಲ್ಲಿ ನಾವು ಕಟ್ಟುವವರ ಕಡೆಯವರು.

ಪರ್ತ್‌ನವರು ಮೌಂಟ್ಸ್ ಬೇ ರೋಡ್‌ನಲ್ಲಿ ಕಿಂಗ್ಸ್ ಪಾರ್ಕ್ ಕೆಳಗೆ ಹೋಗುವಾಗ ನದಿಯ ದಂಡೆಯಲ್ಲಿ ಹಳೆಯ ಸ್ವಾನ್ ಬ್ರೂವರಿ ನೋಡುತ್ತೀರಿ. ನೂಂಗಾರ್ ಜನರಿಗೆ ಆ ಜಾಗ ಗೂನಿನಿನಪ್, ವಾಗಲ್ ಎಂಬ ಮಹಾಸರ್ಪದ ನೆಲೆ. ನಾಗರಕಟ್ಟೆಗೆ ಹಾಲೆರೆದು ಬೆಳೆದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಎಂಬತ್ತರ ದಶಕದ ಕೊನೆಯಲ್ಲಿ ಅಲ್ಲಿ ಕಟ್ಟಡ ಅಭಿವೃದ್ಧಿಗೆ ಸರ್ಕಾರಿ ನಿಗಮವೇ ಮುಂದಾದಾಗ ರಾಬರ್ಟ್ ಬ್ರೋಫೋ ಕೋರ್ಟಿಗೆ ಹೋದರು. ಪವಿತ್ರ ಸ್ಥಳಗಳನ್ನು ಕಾಯಲು ರಾಜ್ಯವೇ ಮಾಡಿದ 1972ರ ಕಾನೂನು ರಾಜ್ಯದ ನೌಕರರಿಗೂ ಅನ್ವಯಿಸುತ್ತದೆಯೇ ಎಂಬುದು ಪ್ರಶ್ನೆ. 1990ರಲ್ಲಿ ಹೈಕೋರ್ಟ್ ಅನ್ವಯಿಸುತ್ತದೆ ಎಂದಿತು. ಕಾನೂನು ಗೆದ್ದಿತು. ಆದರೆ ಅದೇ ಕಾನೂನಿನಲ್ಲಿ ಮಂತ್ರಿ ಒಪ್ಪಿಗೆ ಕೊಡಬಹುದೆಂಬ ಇನ್ನೊಂದು ಸೆಕ್ಷನ್ ಇತ್ತು. ಇಂದು ಅಲ್ಲಿ ಬಾಡಿಗೆ ಕಚೇರಿಗಳಿವೆ.

ಅಡಿಲೇಡ್‌ನ ದಕ್ಷಿಣಕ್ಕೆ ಗೂಲ್ವಾ ಪಟ್ಟಣ. ಅಲ್ಲಿಂದ ಹಿಂಡ್‌ಮಾರ್ಶ್ ದ್ವೀಪಕ್ಕೆ ಸೇತುವೆ ಬೇಕೆಂದು ಚಾಪ್‌ಮನ್ ಎಂಬ ಡೆವಲಪರ್ ಕುಟುಂಬ ಓಡಾಡುತ್ತಿತ್ತು. ಅವರ ಮರೀನಾದ ವಿಸ್ತರಣೆ ಸೇತುವೆಯ ಮೇಲೆ ನಿಂತಿತ್ತು. ನಾರಿಂಜೆರಿ ಜನಾಂಗದ ಮಹಿಳೆಯರಲ್ಲಿ ಕೆಲವರು ಆ ನೀರಿಗೆ ಸೇತುವೆ ಬರಕೂಡದು, ಕಾರಣ ಹೆಂಗಸರಲ್ಲೇ ಉಳಿಯಬೇಕಾದ ಗುಟ್ಟು ಎಂದರು. ಕೇಂದ್ರ ಮಂತ್ರಿ ರಾಬರ್ಟ್ ಟಿಕ್ನರ್ ವರದಿ ತರಿಸಿಕೊಂಡರು. ವರದಿಯ ಜೊತೆ ಮುಚ್ಚಿದ ಲಕೋಟೆಗಳು ಬಂದವು, ಹೆಂಗಸರು ಮಾತ್ರ ಓದಬೇಕೆಂಬ ಸೂಚನೆಯೊಡನೆ. ಮಂತ್ರಿ ಗಂಡಸು. ತಾವು ತೆರೆಯದೆ ತಮ್ಮ ಕಚೇರಿಯ ಮಹಿಳೆಯೊಬ್ಬರಿಂದ ಓದಿಸಿದರು. ಜುಲೈ 1994ರಲ್ಲಿ ಸೇತುವೆಗೆ 25 ವರ್ಷದ ನಿಷೇಧ ಹಾಕಿದರು.

ಚಾಪ್‌ಮನ್ ಕುಟುಂಬ ಫೆಡರಲ್ ಕೋರ್ಟಿಗೆ ಹೋಯಿತು. 1995ರ ಫೆಬ್ರವರಿಯಲ್ಲಿ ನಿಷೇಧ ಬಿತ್ತು, ಡಿಸೆಂಬರ್‌ನಲ್ಲಿ ಪೂರ್ಣಪೀಠವೂ ಅದನ್ನೇ ಎತ್ತಿಹಿಡಿಯಿತು. ಅಹವಾಲುಗಳನ್ನು "ಪರಿಗಣಿಸಬೇಕು" ಎಂದು ಕಾನೂನು ಮಂತ್ರಿಗೆ ಹೇಳಿದೆ, ಪರಿಗಣಿಸುವುದೆಂದರೆ ಅವರ ತಲೆ ಅದರಲ್ಲಿ ಓಡಬೇಕು, ಬೇರೆಯವರು ಓದಿದರೆ ಆಗದು ಎಂದಿತು ಕೋರ್ಟ್.

ಈ ತೀರ್ಪನ್ನು ನಾನು ಮೊದಲು ಓದಿದಾಗ ಒಬ್ಬ ಆಡಿಟರ್ ಆಗಿ ತಲೆಯಾಡಿಸಿದೆ. ವರ್ಕಿಂಗ್ ಪೇಪರ್ ನೋಡದೆ ರಿಪೋರ್ಟಿಗೆ ಸಹಿ ಮಾಡುವ ಪಾರ್ಟ್‌ನರ್‌ನನ್ನು ಯಾರು ಸಮರ್ಥಿಸುತ್ತಾರೆ? ಸೇತುವೆಗೆ ದುಡ್ಡು ಹಾಕಿದ್ದವರಿಗೂ ನ್ಯಾಯ ಕೇಳುವ ಹಕ್ಕಿತ್ತು. ಎರಡನೆಯ ಸಲ ಓದಿದಾಗ ಸಂಕಟವಾಯಿತು. ಮಂತ್ರಿ ಓದಿದ್ದರೆ ಆ ಹೆಂಗಸರ ಗುಟ್ಟು ಕೆಡುತ್ತಿತ್ತು, ಓದದಿದ್ದರೆ ಆದೇಶ ಕೆಡುತ್ತಿತ್ತು. ನಮ್ಮ ಮನೆಗಳಲ್ಲೂ ಗಂಡಸರು ಕಾಲಿಡದ ವ್ರತ, ಹಾಡು, ಹಸೆಗಳಿವೆ. ಅದನ್ನು ಹೇಳಿದರೆ ಮಾತ್ರ ನಿನ್ನ ದೇವರಿಗೆ ಬೆಲೆ ಎಂದರೆ ನಮ್ಮ ಅಜ್ಜಿಯರು ಏನು ಮಾಡುತ್ತಿದ್ದರು? ಇಬ್ಬರಿಗೂ ನ್ಯಾಯವಾಗುವ ದಾರಿ ಇರಲಿಲ್ಲವೆಂದು ನಾನು ಒಪ್ಪುವುದಿಲ್ಲ. ದಾರಿಯನ್ನು ಕಾನೂನು ಮಾಡುವವರೇ ಮೊದಲು ಯೋಚಿಸಬೇಕಿತ್ತು. ಹೆಂಗಸರ ಅಹವಾಲನ್ನು ಗಂಡು ಮಂತ್ರಿಯ ಮೇಜಿಗೇ ತಂದು ನಿಲ್ಲಿಸುವ ಕಾನೂನು ಬರೆದವರು ಆ ಹೆಂಗಸರನ್ನು ಮನಸ್ಸಿನಲ್ಲಿ ಇಟ್ಟುಕೊಂಡಿರಲಿಲ್ಲ.

ಮುಂದಿನದು ಇನ್ನೂ ಕಹಿ. ದಕ್ಷಿಣ ಆಸ್ಟ್ರೇಲಿಯಾ ಸರ್ಕಾರ ರಾಯಲ್ ಕಮಿಷನ್ ನೇಮಿಸಿತು. ಗುಟ್ಟು ಇದೆ ಎಂದ ಮಹಿಳೆಯರು ಅದರ ಮುಂದೆ ಸಾಕ್ಷಿ ಹೇಳಲು ಒಪ್ಪಲಿಲ್ಲ. 1995ರ ಡಿಸೆಂಬರ್‌ನಲ್ಲಿ ಕಮಿಷನ್ ಇದೆಲ್ಲ ಕಟ್ಟುಕಥೆ ಎಂದು ಬರೆಯಿತು. ಸೇತುವೆ 2001ರ ಮಾರ್ಚ್‌ನಲ್ಲಿ ತೆರೆಯಿತು. ಅದೇ ವರ್ಷ ಆಗಸ್ಟ್‌ನಲ್ಲಿ, ಚಾಪ್‌ಮನ್‌ಗಳು ಪರಿಹಾರ ಕೇಳಿ ಹಾಕಿದ್ದ ಬೇರೊಂದು ದಾವೆಯಲ್ಲಿ, ಫೆಡರಲ್ ಕೋರ್ಟಿನ ನ್ಯಾಯಮೂರ್ತಿ ವಾನ್ ಡೂಸಾ ಎರಡೂ ಕಡೆಯ ಸಾಕ್ಷ್ಯ ಕೇಳಿ, ಕಟ್ಟುಕಥೆ ಎಂದು ತಮಗೆ ಮನವರಿಕೆಯಾಗಿಲ್ಲ ಎಂದರು. ಐದು ತಿಂಗಳು ತಡ. ಆಗಲೇ ಕಾರುಗಳು ಓಡಾಡುತ್ತಿದ್ದವು. 2010ರಲ್ಲಿ ರಾಜ್ಯ ಸರ್ಕಾರ ಆ ಮಹಿಳೆಯರ ನಂಬಿಕೆಯನ್ನು ಒಪ್ಪಿಕೊಂಡಿತು. ಕೆಲವು ವರ್ಷದ ಹಿಂದೆ ಸಂಸಾರ ಸಮೇತ ಗೂಲ್ವಾಗೆ ಹೋಗಿದ್ದೆವು. ಸೇತುವೆಯ ಮೇಲೆ ಕಾರು ಓಡಿಸಬೇಕೋ ಬೇಡವೋ ಎಂದು ದಂಡೆಯಲ್ಲಿ ಸ್ವಲ್ಪ ಹೊತ್ತು ನಿಂತೆ. ಮಗಳು ಐಸ್‌ಕ್ರೀಮ್ ಕೇಳಿದಳು, ವಾಪಸ್ ಬಂದೆವು.

ಸರಿ, ಇವತ್ತಿನ ಅರ್ಜಿಗಳಿಗೆ ಬರೋಣ. ಒಂದೇ ದೇಶವಾದರೂ ಯಾರ ಮಾತು ಎಲ್ಲಿಯವರೆಗೆ ನಡೆಯುತ್ತದೆ ಎಂಬುದು ಮೂರು ರಾಜ್ಯಗಳಲ್ಲಿ ಮೂರು ಥರ. ಕ್ವೀನ್ಸ್‌ಲ್ಯಾಂಡ್‌ನಲ್ಲಿ ಪ್ರಾರ್ಥನಾ ಸ್ಥಳದ ಅರ್ಜಿ ಇಂಪ್ಯಾಕ್ಟ್ ಅಸೆಸ್‌ಮೆಂಟ್ ಎಂಬ ವರ್ಗಕ್ಕೆ ಬಿದ್ದರೆ ಸಾರ್ವಜನಿಕ ಪ್ರಕಟಣೆ ಕೊಡಬೇಕು, ಸಾಮಾನ್ಯವಾಗಿ ಕನಿಷ್ಠ 15 ಕೆಲಸದ ದಿನ. ಆ ಅವಧಿಯಲ್ಲಿ ಕ್ರಮಬದ್ಧವಾಗಿ, ಕಾರಣ ಬರೆದು ಆಕ್ಷೇಪಿಸಿದ ನೆರೆಯವರು ಪ್ಲಾನಿಂಗ್ ಅಂಡ್ ಎನ್ವಿರಾನ್‌ಮೆಂಟ್ ಕೋರ್ಟಿಗೂ ಮೇಲ್ಮನವಿ ಹೋಗಬಹುದು. ಪಶ್ಚಿಮ ಆಸ್ಟ್ರೇಲಿಯಾದಲ್ಲಿ ಟ್ರಿಬ್ಯೂನಲ್‌ಗೆ ಹೋಗುವ ಹಕ್ಕು ಅರ್ಜಿದಾರನಿಗೆ ಮಾತ್ರ, ನೆರೆಯವರಿಗಿಲ್ಲ. ದಕ್ಷಿಣ ಆಸ್ಟ್ರೇಲಿಯಾದಲ್ಲಿ ನಾನು ಸಹಿ ಹಾಕಿದ ಕಾಲಕ್ಕೆ 1993ರ ಕಾಯ್ದೆ ಇತ್ತು, ಅದರಲ್ಲಿ ಮೂರನೇ ವರ್ಗದ ಅರ್ಜಿಗಳಿಗೆ ಮಾತ್ರ ಆಕ್ಷೇಪಕರಿಗೆ ಮೇಲ್ಮನವಿ. ಈಗಿನ 2016ರ ಕಾಯ್ದೆಯಲ್ಲಿ ಅದು ಇನ್ನೂ ಕಿರಿದಾಗಿದೆ. ಪರ್ತ್‌ನಲ್ಲಿರುವ ನಮಗೆ ಇದು ಅನುಕೂಲ ಎಂದು ಗೆಳೆಯರು ಖುಷಿಪಡುತ್ತಾರೆ. ನನಗೆ ಅಷ್ಟು ಖುಷಿಯಿಲ್ಲ. ಕೋರ್ಟಿಗೆ ಹೋಗಲಾಗದ ನೆರೆಯವನು ಸಿಟ್ಟನ್ನು ಎಲ್ಲಿಗೆ ಒಯ್ಯುತ್ತಾನೆ? ಕೌನ್ಸಿಲರ್‌ಗಳ ಫೋನಿಗೆ. ಅಲ್ಲಿ ಏನು ಹೇಳಿದ ಎಂದು ನಮಗೆ ಗೊತ್ತಾಗುವುದಿಲ್ಲ.

ವಿಕ್ಟೋರಿಯಾದ ಬೆಂಡಿಗೊ ಮಸೀದಿಯ ಗಲಾಟೆ ನೆನಪಿದೆಯೇ? 2014ರಲ್ಲಿ ಕೌನ್ಸಿಲ್ ಅನುಮತಿ ಕೊಟ್ಟಿತು, ವಿರೋಧಿಗಳು ಟ್ರಿಬ್ಯೂನಲ್, ಕೋರ್ಟ್ ಆಫ್ ಅಪೀಲ್, ಕೊನೆಗೆ 2016ರಲ್ಲಿ ಹೈಕೋರ್ಟ್‌ವರೆಗೂ ಹೋಗಿ ಎಲ್ಲ ಕಡೆ ಸೋತರು. ಎರಡು ವರ್ಷ ವ್ಯರ್ಥವಾಯಿತು ಎಂದು ಬಹಳ ಜನ ಹೇಳಿದರು. ನನಗೆ ಹಾಗನ್ನಿಸುವುದಿಲ್ಲ. ಪಾರ್ಕಿಂಗ್, ಸದ್ದು, ಸಂಚಾರದ ಬಗ್ಗೆ ಅವರು ಹೇಳಿದ್ದನ್ನು ತೂಗಿ ನೋಡಲಾಯಿತು, ಸಮಾಜ ಕೆಡುತ್ತದೆ ಎಂಬ ಭಯಕ್ಕೆ ಪುರಾವೆ ಕೇಳಲಾಯಿತು, ಪುರಾವೆ ಬರಲಿಲ್ಲ. ಅಷ್ಟಾದ ಮೇಲೆ ಕಟ್ಟಿದ ಕಟ್ಟಡದ ಅಡಿಪಾಯ ಗಟ್ಟಿ.

ಪರ್ತ್‌ನಲ್ಲಿ ನಾನು ಖಜಾಂಚಿಯಾಗಿರುವ ಒಂದು ಸಣ್ಣ ಭಜನಾ ಮಂಡಳಿ ಕೈಗಾರಿಕಾ ಪ್ರದೇಶದ ಒಂದು ಘಟಕವನ್ನು ಪ್ರಾರ್ಥನಾ ಸ್ಥಳವಾಗಿ ಬದಲಿಸಲು ಅರ್ಜಿ ಹಾಕಿತ್ತು. ಯಾವ ಕೌನ್ಸಿಲ್ ಎಂದು ಹೇಳುವುದಿಲ್ಲ. ಸಭೆ ಮಂಗಳವಾರ, ಅಧಿಕಾರಿಯ ವರದಿ ನಮಗೆ ಸಿಕ್ಕಿದ್ದು ಹಿಂದಿನ ಶುಕ್ರವಾರ ಸಂಜೆ. ತಿರಸ್ಕರಿಸಲು ಶಿಫಾರಸು. ಕಾರಣಗಳಲ್ಲಿ ಒಂದು: ಅರ್ಜಿದಾರರು ಹಿಂದೆ ಅದೇ ಜಾಗದಲ್ಲಿ ಅನುಮತಿಯಿಲ್ಲದೆ ನಡೆಸಿದ ಕಾರ್ಯಕ್ರಮದ ವಿರುದ್ಧ ದೂರುಗಳು, ಜೊತೆಗೆ ಮೂರು ದಿನಾಂಕ. ಮಂಡಳಿಯ ವಾಟ್ಸಾಪ್ ಗುಂಪಿನಲ್ಲಿ ಬೆಂಕಿ ಬಿತ್ತು. ಜನಾಂಗ ದ್ವೇಷ ಎಂದರು ಒಬ್ಬರು, ಪತ್ರಿಕೆಗೆ ಹೋಗೋಣ ಎಂದರು ಇನ್ನೊಬ್ಬರು. ನಾನು ಕ್ಯಾಶ್‌ಬುಕ್ ತೆಗೆದೆ. ಆ ಮೂರೂ ದಿನ ನಮ್ಮ ಕಾರ್ಯಕ್ರಮ ಒಂದು ಶಾಲೆಯ ಹಾಲ್‌ನಲ್ಲಿತ್ತು, ಬಾಡಿಗೆ ರಸೀದಿ ಇತ್ತು. ಆ ಘಟಕವನ್ನು ನಾವು ಬಾಡಿಗೆಗೆ ಹಿಡಿದದ್ದೇ ಅದಾದ ನಾಲ್ಕು ತಿಂಗಳ ಮೇಲೆ. ಹಿಂದಿನ ಬಾಡಿಗೆದಾರರ ಪಾರ್ಟಿಯ ಪಾಪ ನಮ್ಮ ತಲೆಗೆ ಬಂದಿತ್ತು.

ಸಭೆಯಲ್ಲಿ ಮಾತಾಡಲು ಐದು ನಿಮಿಷ. ಧರ್ಮದ ಮಾತೇ ಎತ್ತಲಿಲ್ಲ. ಮೂರು ರಸೀದಿ, ಒಂದು ಬಾಡಿಗೆ ಕರಾರು ಹಂಚಿ, ಈ ದೂರುಗಳನ್ನು ಮೊದಲೇ ನಮಗೆ ತೋರಿಸಿದ್ದರೆ ಉತ್ತರ ಕೊಡುತ್ತಿದ್ದೆವು, ಈಗಲಾದರೂ ತೆಗೆದುಕೊಳ್ಳಿ ಎಂದೆ. ವಿಷಯವನ್ನು ಮುಂದಿನ ತಿಂಗಳಿಗೆ ಮುಂದೂಡಿದರು.

ಆ ರಾತ್ರಿ ನನ್ನ ನಂತರ ಮಾತಾಡಿದವರು ಒಬ್ಬ ಆಕ್ಷೇಪಕ. ಹಿಂಬದಿಯ ಬೀದಿಯ ಮನೆಯವರು, ರಾತ್ರಿ ಪಾಳಿಯಲ್ಲಿ ಲಾರಿ ಓಡಿಸುವವರು. ಶನಿವಾರ ಸಂಜೆ ಮಲಗಿ ಹತ್ತು ಗಂಟೆಗೆ ಎದ್ದು ಕೆಲಸಕ್ಕೆ ಹೋಗಬೇಕು, ಗಂಟೆ ಬಾರಿಸಿದರೆ ನಿದ್ದೆ ಇಲ್ಲ ಎಂದರು. ಅವರು ಕಾಗದ ಓದಿ, ಬಂದು, ನಮ್ಮ ಮುಖ ನೋಡಿಯೇ ಹೇಳಿದರು. ಹದಿನೈದು ಅಡಿ ದೂರದಲ್ಲಿ ಕುಳಿತು ಕೇಳುವಾಗ ನನಗೆ ಅಡಿಲೇಡ್‌ನ ಕ್ಲಿಪ್‌ಬೋರ್ಡ್ ನೆನಪಾಯಿತು. ಆ ಚರ್ಚಿನವರಿಗೆ ನನ್ನ ಮುಖ ಕಂಡಿರಲಿಲ್ಲ. ಪಟ್ಟಿಯಲ್ಲಿ ಒಂದು ಭಾರತೀಯ ಹೆಸರು ಕಂಡಿತ್ತು, ಅಷ್ಟೆ.

ಸಭೆ ಮುಗಿದ ಮೇಲೆ ಪಾರ್ಕಿಂಗ್‌ನಲ್ಲಿ ಆ ಲಾರಿ ಚಾಲಕರ ಹತ್ತಿರ ಹೋಗಿ ಮಾತಾಡಿಸಿದೆವು. ಶನಿವಾರದ ಆರತಿಯನ್ನು ಮಧ್ಯಾಹ್ನಕ್ಕೆ ತರಲು ನಮ್ಮ ಹಿರಿಯರು ಒಪ್ಪಲಿಲ್ಲ, ಗಂಟೆ ಬಿಡಲು ಒಪ್ಪಿದರು. ಮುಂದಿನ ತಿಂಗಳು ಅನುಮತಿ ಬಂತು. ಒಮ್ಮೆಗೆ 70 ಜನ, 35 ಕಾರು, ಶನಿವಾರ ಸಂಜೆ ಗಂಟೆ ಜಾಗಟೆ ಇಲ್ಲ, ಹಾಜರಿ ರಿಜಿಸ್ಟರ್ ಕಡ್ಡಾಯ. ಆ ಷರತ್ತುಗಳಲ್ಲಿ ಕೊನೆಯದನ್ನು ನಾನೇ ಸೇರಿಸಿ ಎಂದು ಬರೆದುಕೊಟ್ಟಿದ್ದೆ. ಅವರ ಪಾಳಿ ಬದಲಾದರೆ ತಿಳಿಸುತ್ತೇನೆ, ಆಗ ಬಾರಿಸಿಕೊಳ್ಳಿ ಎಂದಿದ್ದಾರೆ ಚಾಲಕರು. ಇನ್ನೂ ತಿಳಿಸಿಲ್ಲ. ದೊಡ್ಡ ಗಂಟೆಯ ನಾಲಗೆಗೆ ಹಳೆಯ ಪಂಚೆಯ ತುಂಡು ಕಟ್ಟಿಟ್ಟಿದ್ದೇವೆ. ರಿಜಿಸ್ಟರ್ ನನ್ನ ಹತ್ತಿರವೇ ಇದೆ. ಕಳೆದ ಶನಿವಾರ 61 ಜನ, 28 ಕಾರು.